ಕಲ್ಲು ಹೊತ್ತು ಓಡಿದ ಕೆಂಚವ್ವ

"ಮತ್ತೆ ಬಂತಾ? ಈಗ ತಾನೆ ಹೋಗಿ ಬಂದೆವಲ್ಲೇ. ಊರಲ್ಲಿ ಎಲ್ಲರಿಗೂ ನಿಂತು ಒಂದು ಮಾತು ಪೂರ್ತಿ ಕೇಳೋ ಭಾಗ್ಯ ಇದೆ, ನನಗೊಬ್ಬಳಿಗೆ ಇಲ್ಲ. ಉಣ್ಣೋಕೆ ಕೂತರೆ ಕರೀತೀಯ, ಮೀಯೋಕೆ ಹೋದರೆ ಕರೀತೀಯ, ಇವತ್ತು ಅರಮನೆ ಅಂಗಳದಲ್ಲೂ ಬಿಡಲಿಲ್ಲ. ನಡಿ."

ಹೀಗೆ ಬೈಯುತ್ತಾ ಕೆಂಚವ್ವ ಮಗಳು ಚಿಟ್ಟಿಯನ್ನು ಸೊಂಟಕ್ಕೇರಿಸಿಕೊಂಡು, ಜನರ ನಡುವೆ ನುಗ್ಗಿ, ಕೋಟೆಗೋಡೆಯ ಹಿಂದಿನ ಪೊದೆಯ ಕಡೆಗೆ ಓಡಿದಳು. ಅವಳು ಓಡಿದ ಗಳಿಗೆಯಲ್ಲೇ ಅಂಗಳದಲ್ಲಿ ಇಡೀ ರಾಜ್ಯದ ಹಣೆಬರಹ ಬದಲಾಯಿತು.

ಬಹಳ ಬಹಳ ಹಿಂದಿನ ಮಾತು ಇದು. ಗಾಳಿಕೋಟೆ ಎಂಬ ರಾಜ್ಯದಲ್ಲಿ ಎರಡು ಬೀದಿಗಳಿದ್ದವು. ಒಂದು ಗರಡಿ ಬೀದಿ. ಅಲ್ಲಿ ಜಟ್ಟಿಗಳಿದ್ದರು. ಕೆಮ್ಮಣ್ಣಿನ ಮಟ್ಟಿಯಲ್ಲಿ ಕುಸ್ತಿ ಆಡುತ್ತಿದ್ದರು, ಗುಂಡುಕಲ್ಲು ಎತ್ತುತ್ತಿದ್ದರು. ಇನ್ನೊಂದು ಹರಿಕಾರರ ಬೀದಿ. ಅಲ್ಲಿಯವರು ರಾಜನ ಓಲೆ ಹಿಡಿದು ಬೆಳಗಿನಿಂದ ಬೈಗಿನವರೆಗೆ ಓಡಬಲ್ಲವರು. ಜಟ್ಟಿಗಳ ಮಕ್ಕಳು ಹರಿಕಾರರ ಜೊತೆ ಓಡುತ್ತಿದ್ದರು, ಹರಿಕಾರರ ಮಕ್ಕಳು ಗರಡಿಗೆ ಬಂದು ಕಲ್ಲು ಎತ್ತುತ್ತಿದ್ದರು. ಯಾರೂ ಯಾರನ್ನೂ ಬೇಡವೆನ್ನುತ್ತಿರಲಿಲ್ಲ. ಕೆಂಚವ್ವನೇ ಹರಿಕಾರನ ಮಗಳು. ಗರಡಿ ಬೀದಿಯ ಬೊಮ್ಮಣ್ಣ ಜಟ್ಟಿಯನ್ನು ಮದುವೆಯಾಗಿ ಬಂದಿದ್ದಳು.

ಆ ರಾಜ್ಯಕ್ಕೆ ತಾಮ್ರಜಿಹ್ವ ಎಂಬ ಮಾಂತ್ರಿಕ ಬಂದು ರಾಜಗುರುವಾದ. ಅವನ ನಾಲಿಗೆ ತಾಮ್ರದ್ದು. ಅವನು ಹೇಳಿದ ಮಾತಿಗೆ ಯಾರು ಹೌದೆಂದು ತಲೆಯಾಡಿಸುತ್ತಾರೋ ಅವರಿಗೆ ಆ ಮಾತು ನಿಜವಾಗಿಬಿಡುತ್ತಿತ್ತು. ಅವನು ಮಾತ್ರ ಯಾರ ಮಾತಿಗೂ ತಲೆಯಾಡಿಸುತ್ತಿರಲಿಲ್ಲ. ಕತ್ತನ್ನು ಒನಕೆಯ ಹಾಗೆ ನೆಟ್ಟಗಿಟ್ಟುಕೊಂಡು, ಹತ್ತು ಹೆಜ್ಜೆಗೂ ಪಲ್ಲಕ್ಕಿಯಲ್ಲೇ ಹೋಗುತ್ತಿದ್ದ.

ಓಡಲೂ ಬಲ್ಲ, ಎತ್ತಲೂ ಬಲ್ಲ ಜನ ಯಾರಿಗೂ ಹೆದರುವುದಿಲ್ಲ. ಅದು ಅವನಿಗೆ ಸೇರಲಿಲ್ಲ. ಅದಕ್ಕೇ ಅವತ್ತು ಡಂಗುರ ಸಾರಿಸಿ ಎಲ್ಲರನ್ನೂ ಅಂಗಳಕ್ಕೆ ಕರೆಸಿ ಹೇಳಿದ:

"ಓಡುವವನಿಗೆ ತೋಳು ಬೆಳೆಯುವುದಿಲ್ಲ. ತೋಳು ಬೆಳೆಸಿದವನಿಗೆ ಓಟ ಕೂಡುವುದಿಲ್ಲ. ಎರಡನ್ನೂ ಬಯಸಿದವನಿಗೆ ಎರಡೂ ಇಲ್ಲ. ಅಲ್ಲವೇ?"

ಗುರುಗಳು ಕೇಳಿದ ಮೇಲೆ ಅಲ್ಲವೆನ್ನುವುದುಂಟೇ? ರಾಜ ತಲೆಯಾಡಿಸಿದ. ಮಂತ್ರಿ ತಲೆಯಾಡಿಸಿದ. ಜಟ್ಟಿಗಳು, ಹರಿಕಾರರು, ಹೂವಾಡಗಿತ್ತಿ, ಅಗಸ, ಎಲ್ಲರೂ ತಲೆಯಾಡಿಸಿದರು. ಅಲ್ಲಿಗೆ ಮುಗಿಯಿತು. ಜಟ್ಟಿಗಳ ಉಸಿರು ಅರ್ಧವಾಯಿತು, ಹರಿಕಾರರ ತೋಳು ಕಡ್ಡಿಯಾಯಿತು, ಎರಡು ಬೀದಿಗಳ ನಡುವೆ ಬೇಲಿ ಎದ್ದಿತು.

ಕೆಂಚವ್ವ ಮಗಳನ್ನು ತೊಳೆಸಿಕೊಂಡು ಬರುವ ಹೊತ್ತಿಗೆ ಜನ ಚದರುತ್ತಿದ್ದರು. "ಏನಂತೆ?" ಎಂದು ಕೇಳಿದಳು. ಹೇಳಿದರು. "ಇವನ ತಲೆ," ಎಂದು ಮನೆಗೆ ನಡೆದಳು.

ಮರುದಿನದಿಂದ ಬೊಮ್ಮಣ್ಣ ಬಾವಿಯವರೆಗೆ ಹೋಗಿ ಬರುವುದಕ್ಕೆ ಏದುಸಿರು ಬಿಡತೊಡಗಿದ. ಕೆಂಚವ್ವ ಮಾತ್ರ ಎಂದಿನಂತೆ ಸೊಂಟದಲ್ಲಿ ಕೂಸು, ತಲೆಯ ಮೇಲೆ ಎರಡು ಕೊಡ ಇಟ್ಟುಕೊಂಡು ಕೆರೆ ಏರಿಯ ಮೇಲೆ ಓಡುತ್ತಾ ಬಂದಳು. ಬೊಮ್ಮಣ್ಣನಿಗೆ ಅಚ್ಚರಿಯಾಯಿತು. ಅವನು ಒಳ್ಳೆಯವನು. ಒಳ್ಳೆಯವರಿಗೆ ಬಾಯಿ ಎಲ್ಲಿ ಮುಚ್ಚಬೇಕೆಂದು ತಿಳಿಯುವುದಿಲ್ಲ. ನೇರವಾಗಿ ಆಸ್ಥಾನಕ್ಕೆ ಹೋಗಿ ಕೈಮುಗಿದು ಕೇಳಿದ: "ಬುದ್ಧೀ, ನಮ್ಮ ಮನೆಯವಳು ಎರಡೂ ಮಾಡ್ತಾಳಲ್ಲ, ಅದು ಹೆಂಗೆ?"

ತಾಮ್ರಜಿಹ್ವ ನಸುನಕ್ಕ. "ಇಂಥ ಪ್ರಶ್ನೆ ಕೇಳುವ ನೀನು ಮನುಷ್ಯನಲ್ಲ, ಒಂದು ಗುಂಡುಕಲ್ಲು. ಅಲ್ಲವೇ?"

ದೊಡ್ಡವರು ಏನು ಹೇಳಿದರೂ ಹೂಂಗುಟ್ಟಿ ರೂಢಿಯಾಗಿದ್ದ ಬೊಮ್ಮಣ್ಣ ತಲೆಯಾಡಿಸಿದ. ನಿಂತ ಜಾಗದಲ್ಲೇ ದುಂಡಗೆ ಗುಂಡುಕಲ್ಲಾದ.

ಮಾಂತ್ರಿಕ ಒಂದು ಚಿಟಿಕೆ ಹೊಡೆದ. ಸುಂಟರಗಾಳಿ ಬಂದು ಕಲ್ಲನ್ನು ಎತ್ತಿಕೊಂಡು ಮೂರು ಗುಡ್ಡದಾಚೆಯ ಗವಿಗೆ ಒಯ್ಯಿತು. "ಬರುವ ಯುಗಾದಿಯ ಹೊತ್ತು ಮುಳುಗುವುದರೊಳಗೆ ಯಾರಾದರೂ ಒಬ್ಬರೇ ಆ ಕಲ್ಲನ್ನು ಹೊತ್ತು, ನಡುವೆ ನೆಲಕ್ಕೆ ತಾಗಿಸದೆ ಗರಡಿಯ ಮಟ್ಟಿಗೆ ತಂದು ಹಾಕಿದರೆ ಇವನು ಮನುಷ್ಯನಾಗುತ್ತಾನೆ. ಇಲ್ಲವಾದರೆ ಮರಳಾಗಿ ಉದುರುತ್ತಾನೆ," ಎಂದು ಸಾರಿದ. ತರುವವರು ಯಾರೂ ಉಳಿದಿಲ್ಲ ಎಂಬ ಧೈರ್ಯ ಅವನಿಗೆ.

ಸುದ್ದಿ ಕೇಳಿದ ಕೆಂಚವ್ವ ಮೊದಲು ಅತ್ತಳು. ಆಮೇಲೆ ಸಿಟ್ಟಾದಳು. ಅಷ್ಟು ಸಿಟ್ಟು ಅವಳಿಗೆ ಹಿಂದೆಂದೂ ಬಂದಿರಲಿಲ್ಲ.

"ಕೇಳಿದ್ದಕ್ಕೆಲ್ಲ ತಲೆಯಾಡಿಸೋದು ಈ ಮನುಷ್ಯನ ಹುಟ್ಟುಗುಣ. ಅದೇ ಅವನನ್ನ ಕಲ್ಲು ಮಾಡ್ತು, ಊರನ್ನೂ ಹಾಳು ಮಾಡ್ತು. ನಾನು ಆಡಿಸಿಲ್ಲ. ನಾನು ಮಗಳನ್ನ ಕೂರಿಸ್ಕೊಂಡು ಪೊದೆ ಹಿಂದೆ ಇದ್ದೆ. ನಾನೇ ಹೋಗ್ತೀನಿ."

ಅಷ್ಟರಲ್ಲಿ ಜಟ್ಟಿಗಳು ಹೊರಟು ಮೊದಲ ಗುಡ್ಡದ ಬುಡದಲ್ಲೇ ಕುಸಿದು ಕೂತಿದ್ದರು. ಹರಿಕಾರರು ಗವಿಯ ಬಾಗಿಲವರೆಗೆ ಓಡಿ ಹೋಗಿ, ಬಾಗಿಲ ಬಂಡೆ ಅಲ್ಲಾಡಿಸಲಾರದೆ ಹಿಂದಿರುಗಿದ್ದರು.

ಕೆಂಚವ್ವ ಅಭ್ಯಾಸಕ್ಕೆ ನಿಂತಳು. ಬೆಳಗಾದರೆ ಗುಡ್ಡದವರೆಗೆ ಓಡುವುದು, ಮಧ್ಯಾಹ್ನ ಗರಡಿಯ ಕಲ್ಲು ಎತ್ತುವುದು, ಸಂಜೆ ಮತ್ತೆ ಓಡುವುದು. ಒಂದು ದಿನವೂ ಬಿಡಲಿಲ್ಲ. ಊಟ ಮಾತ್ರ ಎಂದಿನಂತೆ ಎಲ್ಲರದಾದ ಮೇಲೆ, ಮಡಕೆಯ ತಳದಲ್ಲಿ ಉಳಿದದ್ದು. ಹುಣ್ಣಿಮೆ ಹೋಗಿ ಅಮಾವಾಸ್ಯೆ ಬರುವಷ್ಟರಲ್ಲಿ ಅವಳ ತೋಳು ಸೊರಗಿ ಕೈಬಳೆ ಮೊಣಕೈ ದಾಟಿ ಮೇಲಕ್ಕೆ ಜಾರತೊಡಗಿತು. ಮೊದಲು ಮೊಣಕಾಲೆತ್ತರಕ್ಕೆ ಎತ್ತುತ್ತಿದ್ದ ಕಲ್ಲು ಈಗ ನೆಲ ಬಿಡಲಿಲ್ಲ. ಒಂದು ದಿನ ಕಣ್ಣು ಕತ್ತಲಿಟ್ಟು ಮಟ್ಟಿಯಲ್ಲೇ ಬಿದ್ದಳು.

ಬೀದಿಯವರು ಬಂದು ಸುತ್ತ ನಿಂತರು. "ಗುರುಗಳು ಹೇಳಿರಲಿಲ್ವಾ? ಓಡಿದರೆ ತೋಳು ಕರಗ್ತದೆ. ಹೌದೋ ಅಲ್ವೋ, ನೀನೇ ಹೇಳು ಕೆಂಚಿ."

ಕೆಂಚವ್ವನಿಗೆ ಸಾಕಾಗಿತ್ತು. ಅವಳ ಗಲ್ಲ ಎದೆಯ ಕಡೆಗೆ ಇಳಿಯತೊಡಗಿತು. ಇನ್ನೇನು ತಲೆಯಾಡಿಸಬೇಕು, ಅಷ್ಟರಲ್ಲಿ "ಅವ್ವಾ, ಹಸಿವು," ಎಂದು ಚಿಟ್ಟಿ ಅವಳ ಗಲ್ಲ ಹಿಡಿದು ಮೇಲಕ್ಕೆತ್ತಿದಳು.

"ಥೂ, ಬೀಳೋಕೂ ಬಿಡಲ್ಲ ಇವಳು," ಎಂದು ಕೆಂಚವ್ವ ಎದ್ದು ಕೂತಳು. ಆಮೇಲೆ ಯೋಚಿಸಿದಳು. ಹಸಿವು.

ಅತ್ತೆ ಹೊನ್ನಾಜಮ್ಮ ಅಲ್ಲೇ ಬಾಗಿಲಲ್ಲಿ ನಿಂತಿದ್ದಳು. ಕೆಂಚವ್ವ ಕೇಳಿದಳು: "ಅತ್ತೆ, ನಿಮ್ಮ ಮಗ ಸಾಮು ಮಾಡಿ ಬಂದ ದಿನ ತಟ್ಟೆಗೆ ಏನು ಬಡಿಸ್ತಿದ್ರಿ?"

"ಎರಡು ಮುದ್ದೆ, ಹುರುಳಿ ಸಾರು, ತುಪ್ಪ, ಒಂದು ಚೊಂಬು ಹಾಲು. ಮೈಯಿ ಮುರಿದು ಬರ್ತಿದ್ದ ನನ್ನ ಕಂದ."

"ನನ್ನ ಮೈಯಿ ಏನು ಹುಲ್ಲಿನದ್ದಾ?"

"ಸೊಸೆ ಮೊದಲು ಉಂಡ ಮನೆ ಉದ್ಧಾರವಾಗಿದ್ದು ನಾನು ಕಂಡಿಲ್ಲ ಕಣೆ."

"ಸೊಸೆ ಕೊನೆಗೆ ಉಂಡ ಮನೆ ಮಗ ಕಲ್ಲಾಗಿ ಕೂತವ್ನೆ. ಅದನ್ನ ಕಂಡ್ರಲ್ಲ."

ಹೊನ್ನಾಜಮ್ಮ ಬಾಯಿಗೆ ಸೆರಗು ಒತ್ತಿಕೊಂಡು ಒಳಗೆ ಹೋದಳು. ಸ್ವಲ್ಪ ಹೊತ್ತಿಗೆ ಒಳಗಿನಿಂದ ಮುದ್ದೆ ತೊಳಸುವ ಸದ್ದು ಕೇಳಿಸಿತು. ಅವತ್ತು ಮೊದಲ ತಟ್ಟೆ ಸೊಸೆಗೆ ಬಂತು. ತುಪ್ಪ ಹಾಕುವಾಗ ಅತ್ತೆಯ ಕೈ ಒಂದು ಗಳಿಗೆ ತಡೆಯಿತು. ಆಮೇಲೆ ಧಾರಾಳವಾಗಿ ಬಗ್ಗಿತು.

ಉಂಡವಳು ಮೈಕೈ ನೋವಿಗೆ ಮಾರನೆಯ ದಿನವಿಡೀ ಮಲಗಿದಳು. ಎದ್ದು ಗರಡಿಗೆ ಹೋದರೆ, ಅಲ್ಲಾಡದಿದ್ದ ಕಲ್ಲು ಮೊಣಕಾಲಿಗೆ ಬಂತು. ಕೆಂಚವ್ವನಿಗೆ ಗುಟ್ಟು ತಿಳಿಯಿತು. ಅಂದಿನಿಂದ ಒಂದು ದಿನ ಓಟ, ಒಂದು ದಿನ ಕಲ್ಲು, ಒಂದು ದಿನ ನಿದ್ದೆ. ದಿನಾ ಹೊಟ್ಟೆ ತುಂಬ ಊಟ. ಓಟದ ದಿನ ಕಲ್ಲು ಮುಟ್ಟಲಿಲ್ಲ, ಕಲ್ಲಿನ ದಿನ ಗುಡ್ಡ ನೋಡಲಿಲ್ಲ. ಸಂಕ್ರಾಂತಿಗೆ ಕಲ್ಲು ಸೊಂಟಕ್ಕೆ ಬಂತು, ಶಿವರಾತ್ರಿಗೆ ಹೆಗಲಿಗೆ ಬಂತು. ಕಾಲು ಮಾತ್ರ ಮೊದಲಿಗಿಂತ ಹಗುರಾಗಿತ್ತು. ತೋಳಿನ ಬಳೆ ಬಿಗಿಯಾಗಿ, ಒಡೆದೇ ತೆಗೆಯಬೇಕಾಯಿತು.

ಯುಗಾದಿಯ ಹಿಂದಿನ ದಿನ ಅತ್ತೆ ತಂಬಿಟ್ಟಿನ ಉಂಡೆ ಕಟ್ಟಿಕೊಟ್ಟಳು. "ಯಾರಿಗೂ ಕೊಡಬೇಡ, ನೀನೇ ತಿನ್ನು," ಎಂದಳು. ಅವಳ ಬಾಯಲ್ಲಿ ಈ ಮಾತು ಬಂದದ್ದು ಕಂಡು ಕೆಂಚವ್ವ ಚಿಟ್ಟಿಯನ್ನು ಧೈರ್ಯವಾಗಿ ಅವಳ ಕೈಗೆ ಕೊಟ್ಟು ಹೊರಟಳು.

ಮೊದಲ ಗುಡ್ಡದಲ್ಲಿ ಬೂದುತೋಳ ಕಾದಿತ್ತು. ಗವಿಯ ದಾರಿ ಅದಕ್ಕೊಂದಕ್ಕೇ ಗೊತ್ತು. ಅದು ಓಡುತ್ತಾ ಹೋದಂತೆ ದಾರಿ ಮೂಡುತ್ತಿತ್ತು, ಹಿಂದೆ ಉಳಿದವರಿಗೆ ಅಳಿಸಿಹೋಗುತ್ತಿತ್ತು. "ಅಷ್ಟು ದಪ್ಪ ತೋಳು ಹೊತ್ತು ನನ್ನ ಹಿಂದೆ ಓಡಲಾರೆ. ಹೌದೆಂದು ತಲೆಯಾಡಿಸಿ ಮನೆಗೆ ಹೋಗು," ಎಂದಿತು ತೋಳ.

"ನೀನು ಓಡು. ಮಾತು ಆಮೇಲೆ."

ತೋಳ ಜೋರಾಗಿ ಓಡಿತು. ಕೆಂಚವ್ವ ಜೋರು ಮಾಡಲಿಲ್ಲ. ತೋಳದ ಬಾಲ ಕಣ್ಣಿಗೆ ಕಾಣುವಷ್ಟು ದೂರ ಇಟ್ಟುಕೊಂಡು ಒಂದೇ ಸಮ ಓಡಿದಳು. ಹೊತ್ತು ನೆತ್ತಿಗೆ ಬಂತು, ಇಳಿಯಿತು. ಕೊನೆಗೆ ತೋಳ ನಾಲಿಗೆ ಚಾಚಿ ಕೂತಿತು. ಅವಳು ಗಂಟು ಬಿಚ್ಚಿ ಉಂಡೆ ಬಾಯಿಗಿಟ್ಟಳು. "ಒಳ್ಳೆಯ ಹೆಣ್ಣುಮಕ್ಕಳು ದಾರಿಯಲ್ಲಿ ಸಿಕ್ಕ ಪ್ರಾಣಿಗೆ ಪಾಲು ಕೊಡ್ತಾರೆ," ಎಂದಿತು ತೋಳ.

"ಅಷ್ಟು ಒಳ್ಳೆಯವಳಾಗಿದ್ದಕ್ಕೇ ನನ್ನ ಬಳೆ ಮೊಣಕೈ ದಾಟಿದ್ದು. ಹೋಗು, ಇಲಿ ಹಿಡಿ."

ಗವಿಯ ಬಾಗಿಲಲ್ಲಿ ಕರಡಿ ಕಾವಲಿತ್ತು. "ಇಷ್ಟು ದೂರ ಓಡಿ ಬಂದವಳ ತೋಳಲ್ಲಿ ಬಂಡೆ ಎತ್ತುವ ಕಸುವೆಲ್ಲಿ? ಹೌದೆಂದು ತಲೆಯಾಡಿಸಿ ಮನೆಗೆ ಹೋಗು," ಎಂದಿತು.

"ಹೌದು, ಇವತ್ತು ಓಡಿದ್ದೀನಿ. ಅದಕ್ಕೇ ಇವತ್ತು ಎತ್ತಲ್ಲ," ಎಂದು ಕೆಂಚವ್ವ ಅಲ್ಲೇ ಸೆರಗು ಹಾಸಿ ಮಲಗಿಬಿಟ್ಟಳು. ಕರಡಿಗೆ ಏನು ಮಾಡಬೇಕೆಂದು ತೋಚಲಿಲ್ಲ. ಕಾವಲುಗಾರರ ಮುಂದೆ ಗೊರಕೆ ಹೊಡೆದವರನ್ನು ಅದು ಕಂಡಿರಲಿಲ್ಲ. ಕರೆಯುವ ಮಗಳು ಹತ್ತಿರವಿಲ್ಲದೆ ಕೆಂಚವ್ವ ಎಷ್ಟೋ ವರ್ಷಕ್ಕೆ ಮೊದಲ ಸಲ ಮೈಮರೆತು ನಿದ್ದೆ ಮಾಡಿದಳು. ಬೆಳಗ್ಗೆ ಎದ್ದು ಉಂಡೆ ತಿಂದು, ಬೆನ್ನು ನೆಟ್ಟಗಿಟ್ಟು, ಕುಕ್ಕರಗಾಲಲ್ಲಿ ಕೂತು ಬಂಡೆಗೆ ಕೈ ಕೊಟ್ಟು ಎತ್ತಿದಳು. ಕರಡಿ ದಾರಿ ಬಿಟ್ಟಿತು.

ಒಳಗೆ ಗುಂಡುಕಲ್ಲಿನ ಮೇಲೆ ಗೆದ್ದಲಿನ ಮಣ್ಣು ಹತ್ತಿತ್ತು. ಕೆಂಚವ್ವ ಸೆರಗಿನಿಂದ ಒರೆಸಿದಳು. "ಮನುಷ್ಯನಾಗಿದ್ದಾಗಲೂ ಸಂಸಾರದಲ್ಲಿ ಹೊತ್ತಿದ್ದು ನಾನೇ, ಕಲ್ಲಾದ ಮೇಲೂ ನಾನೇ. ಬಾ," ಎಂದು ಹೆಗಲಿಗೇರಿಸಿ ಓಡಿದಳು.

ಓಡುವುದೇನು, ಹೊರೆ ಹೊತ್ತ ಎತ್ತಿನ ಹಾಗೆ ಸಣ್ಣ ಹೆಜ್ಜೆ. ಆದರೆ ನಿಲ್ಲಲಿಲ್ಲ. ಎಡ ಹೆಗಲು ಸೋತರೆ ಬಲಕ್ಕೆ, ಬಲ ಸೋತರೆ ಎಡಕ್ಕೆ. ಒಂದು ಗುಡ್ಡ ದಾಟಿತು, ಎರಡು ದಾಟಿತು. ಮೂರನೆಯದರ ಬುಡದಲ್ಲಿ ತಾಮ್ರಜಿಹ್ವನ ಪಲ್ಲಕ್ಕಿ ಎದುರಾಯಿತು.

"ಪಾಪ, ಎಷ್ಟು ದಣಿದಿದ್ದೀಯ ಮಗಳೇ. ಒಂದು ಗಳಿಗೆ ಇಳಿಸಿದರೆ ಏನೂ ಆಗುವುದಿಲ್ಲ. ಅಲ್ಲವೇ?"

ಮಾತು ಜೇನಿನಂತಿತ್ತು. ಕೆಂಚವ್ವನ ಕತ್ತು ನೋಯುತ್ತಿತ್ತು, ಗಲ್ಲ ತಾನಾಗಿ ಇಳಿಯುತ್ತಿತ್ತು. ಗಲ್ಲ ಹಿಡಿದೆತ್ತಲು ಚಿಟ್ಟಿ ಇರಲಿಲ್ಲ. ಕೆಂಚವ್ವ ತಾನೇ ಹಲ್ಲು ಕಚ್ಚಿ ತಲೆಯೆತ್ತಿ, ಅವನನ್ನು ದಾಟಿ ಓಡಿದಳು.

ಅವನ ಮಾತು ಕಿವಿಗೆ ಬಿದ್ದರೆ ತಾನೆ ಮಾಟ? "ಅವಳ ಹಿಂದೆ ಓಡಿ," ಎಂದು ಪಲ್ಲಕ್ಕಿ ಹೊತ್ತ ಬೋವಿಗಳಿಗೆ ಅಬ್ಬರಿಸಿದ. ಬೋವಿಗಳು ಗರಡಿ ಬೀದಿಯ ಜಟ್ಟಿಗಳೇ. ಅವನ ಮಾತಿಗೇ ತಲೆಯಾಡಿಸಿ ಉಸಿರು ಕಳೆದುಕೊಂಡವರು. ನಾಲ್ಕು ಮಾರು ಓಡಿ ಪಲ್ಲಕ್ಕಿ ಕೆಡವಿ ಕೂತರು. ಮಾಂತ್ರಿಕ ವಿಧಿಯಿಲ್ಲದೆ ಪಂಚೆ ಎತ್ತಿಕೊಂಡು ತಾನೇ ಓಡಿ ಬಂದ. ಜನ್ಮದಲ್ಲಿ ಓಡದವನು. ಅವಳ ಪಕ್ಕಕ್ಕೆ ಬರುವ ಹೊತ್ತಿಗೆ ಬಾಯಲ್ಲಿ ನೊರೆ ಬಂದಿತ್ತು.

"ನಿಲ್ಲು... ಇಳಿಸು... ಅಲ್ಲವೇ..."

ಕೆಂಚವ್ವ ಪಕ್ಕಕ್ಕೆ ನೋಡಿದಳು. ಒನಕೆಯಂತಿದ್ದ ಕತ್ತು ಪ್ರತಿ ಹೆಜ್ಜೆಗೂ ಮೇಲೆ ಕೆಳಗೆ, ಮೇಲೆ ಕೆಳಗೆ ಆಡುತ್ತಿತ್ತು. ಈ ಕತ್ತನ್ನು ಅವನು ಇಷ್ಟು ಜೋಪಾನ ಮಾಡಿದ್ದು ಏಕೆಂದು ಅವಳಿಗೆ ಥಟ್ಟನೆ ಹೊಳೆಯಿತು: ಅವನೇ ಹೌದೆಂದು ತಲೆಯಾಡಿಸಿದರೆ ಮಾಟ ಅವನಿಗೇ ತಿರುಗುತ್ತದೆ.

"ಸ್ವಾಮಿ, ನಾನು ಓಡ್ತಾ ಇದ್ದೀನಿ. ಕಣ್ಣಾರೆ ನೋಡ್ತಾ ಇದ್ದೀರಿ, ಹೌದಾ?"

ತಲೆ ಮೇಲೆ ಕೆಳಗೆ ಆಡಿತು.

"ಹೆಗಲ ಮೇಲೆ ಭಾರ ಹೊತ್ತಿದ್ದೀನಿ. ಹೌದಾ?"

ತಲೆ ಮೇಲೆ ಕೆಳಗೆ ಆಡಿತು.

"ಹಾಗಾದರೆ ಅವತ್ತು ಅಂಗಳದಲ್ಲಿ ನೀವು ಹೇಳಿದ್ದು ಸುಳ್ಳು. ಹೌದೋ ಅಲ್ವೋ?"

ನಿಂತರೆ ಕಲ್ಲು ಕೈತಪ್ಪುತ್ತದೆ, ಓಡಿದರೆ ತಲೆ ಆಡುತ್ತದೆ. ಮಾಂತ್ರಿಕ ಓಡಿದ. ತಲೆ ಆಡಿತು. ತಾಮ್ರದ ನಾಲಿಗೆ ಮೇಣದಂತೆ ಕರಗಿ, ಹನಿಹನಿಯಾಗಿ ದಾರಿಯ ಮೇಲೆ ಸುರಿಯಿತು. ಆ ಗಳಿಗೆಯೇ ಜಟ್ಟಿಗಳ ಎದೆಗೆ ಉಸಿರು ಬಂತು, ಹರಿಕಾರರ ತೋಳು ತುಂಬಿಕೊಂಡಿತು. ಹೆಗಲ ಮೇಲಿನ ಕಲ್ಲಿಗೆ ಕೈಕಾಲು ಮೂಡಿತು.

"ಕೆಂಚಿ, ಇಳಿಸೇ. ಊರು ಹತ್ರ ಬಂತು. ಜನ ನೋಡ್ತಾರೆ," ಎಂದ ಬೊಮ್ಮಣ್ಣ.

"ನೋಡಲಿ. ಮಟ್ಟಿಗೆ ಹಾಕ್ತೀನಿ ಅಂತ ಹೊರಟವಳು, ಮಟ್ಟಿಗೇ ಹಾಕೋದು. ಅಲ್ಲಾಡಬೇಡ."

ಹೊತ್ತು ಮುಳುಗುವ ಮುನ್ನ ಗಂಡನನ್ನು ತಂದು ಕೆಮ್ಮಣ್ಣಿನ ಮೇಲೆ ಧೊಪ್ಪನೆ ಹಾಕಿದಳು. ಹೊನ್ನಾಜಮ್ಮ ಮಗನ ಕಡೆ ಓಡಿದವಳು ಅರ್ಧದಲ್ಲಿ ನಿಂತು, ಮೊದಲು ಸೊಸೆಗೆ ನೀರಿನ ಚೊಂಬು ಕೊಟ್ಟಳು.

ರಾಜ ಎರಡು ಬೀದಿಗಳ ನಡುವೆ ಎದ್ದಿದ್ದ ಬೇಲಿ ಕೀಳಿಸಿದ. ಮಾತು ಹೋದ ತಾಮ್ರಜಿಹ್ವನಿಗೆ ಗರಡಿಯ ಮಟ್ಟಿ ಜರಡಿ ಹಿಡಿಯುವ ಕೆಲಸ ಸಿಕ್ಕಿತು. ಜರಡಿ ಆಡಿದಂತೆಲ್ಲ ಅವನ ತಲೆಯೂ ಆಡುತ್ತಿತ್ತು. ಗಾಳಿಕೋಟೆಯ ಗಂಡಸರೂ ಹೆಂಗಸರೂ ಒಂದು ದಿನ ಓಡಿದರು, ಒಂದು ದಿನ ಕಲ್ಲೆತ್ತಿದರು, ಒಂದು ದಿನ ಮಲಗಿದರು, ದಿನಾ ಒಟ್ಟಿಗೆ ಕೂತು ಹೊಟ್ಟೆ ತುಂಬ ಉಂಡರು. ಅಲ್ಲಿ ಯಾರಿಗೂ ಯಾವ ಕೊರತೆಯೂ ಉಳಿಯಲಿಲ್ಲ.

ಆ ಯುಗಾದಿಯ ರಾತ್ರಿ ಕೆಂಚವ್ವ ಎಲ್ಲರ ಜೊತೆ ಕೂತು ಮೊದಲ ತುತ್ತು ಬಾಯಿಗಿಡುವ ಹೊತ್ತಿಗೆ ಚಿಟ್ಟಿ ಸೆರಗು ಎಳೆದಳು. ಕೆಂಚವ್ವ ತುತ್ತು ಕೆಳಗಿಟ್ಟಳು. "ಮತ್ತೇನೇ?"

 

"ಅವ್ವಾ, ನೀನು ನನ್ನನ್ನ ಎತ್ಕೊಂಡು, ಕೊಡ ಹೊತ್ಕೊಂಡು ದಿನಾ ಕೆರೆ ಏರಿ ಮೇಲೆ ಓಡ್ತಿದ್ದೆಯಲ್ಲ, ಎಲ್ಲರೂ ನೋಡ್ತಾನೇ ಇದ್ರಲ್ಲ, ಮತ್ತೆ ಅವತ್ತು ಎಲ್ಲರೂ ಯಾಕೆ ತಲೆಯಾಡಿಸಿದ್ರು?"