ಅರ್ಧ ಮೇಜು

ಗಂಡನ ತಿಥಿ ಮುಗಿದು ನೆಂಟರೆಲ್ಲ ಹೊರಟುಹೋದ ಮರುದಿನ ಬೆಳಿಗ್ಗೆ ಹಾಲಿನವನು ಎಂದಿನಂತೆ ಬೆಲ್ ಒತ್ತಿದ. ಅವಳು ಹಾಲು ಕಾಯಿಸಿದಳು. ಮುಖ ತೊಳೆದಳು. ಗಂಡನ ಅಂಗಡಿಯ ಕೀಲಿ ತೆಗೆದುಕೊಂಡಳು.

ಇಷ್ಟು ಬೇಗ ಎಲ್ಲಿಗೆ ಎಂದು ಅತ್ತೆ ಕೇಳಿದರು. ಅವಳು ಚಪ್ಪಲಿ ಮೆಟ್ಟಿದಳು.

ಅದು ಒಂದೇ ಕೋಣೆಯ ದರ್ಜಿ ಅಂಗಡಿ. ಎರಡು ಹೊಲಿಗೆ ಯಂತ್ರ, ಬಟ್ಟೆ ಕತ್ತರಿಸಲು ಒಂದು ಮೇಜು. ಅರ್ಧ ಗಂಡನದು, ಅರ್ಧ ಅವನ ಗೆಳೆಯನದು. ಬೀದಿಯವರು ಆ ಗೆಳೆಯನನ್ನು ಗಂಟುಮುಖ ಅಂತಲೇ ಕರೆಯುತ್ತಿದ್ದರು.

ಸತ್ತ ಗೆಳೆಯನ ಮಣ್ಣಿಗೂ ಬಾರದ ಮನುಷ್ಯ... ಅವನನ್ನು ಕಂಡರೇ ಅವಳಿಗೆ ಮೈ ಉರಿಯುತ್ತಿತ್ತು.

ಅವಳು ಒಳಗೆ ಬಂದದ್ದೇ ಅವನು, ಈ ಕೆಲಸ ನಿಮ್ಮಿಂದಾಗದು, ಪಾಲು ನನಗೆ ಬಿಟ್ಟುಕೊಡಿ ಎಂದ.

ಅವಳು ಸೀಮೆಸುಣ್ಣದಿಂದ ಮೇಜಿನ ನಡುವೆ ಗೆರೆ ಎಳೆದಳು.

“ಈಚೆ ನನ್ನದು. ದಾಟಬೇಡಿ.”

ಅವನು ದಾಟಲಿಲ್ಲ. ಉದ್ದದ ಬಟ್ಟೆಯನ್ನೂ ಮಡಿಸಿ ಮಡಿಸಿ ತನ್ನ ಕಡೆಯೇ ಕತ್ತರಿಸಿದ. ಹೊಲಿಯುವಾಗ ಮಾತ್ರ ಇಬ್ಬರ ಮೊಣಕೈ ತಾಗುತ್ತಿತ್ತು. ಅವಳು ಸರಿಯೋಣವೆಂದರೆ ಗೋಡೆ ಬಿಡುತ್ತಿರಲಿಲ್ಲ.

ಮೊದಲ ಕೋಟು ಕತ್ತರಿಸಿದಾಗ ಹೊಲಿಗೆಗೆಂದು ಅಂಚು ಬಿಡುವುದನ್ನೇ ಮರೆತಳು. ಪೂರ್ತಿ ಬಟ್ಟೆ ಹಾಳು. ಗಿರಾಕಿ ಕೂಗಾಡಿದಾಗ ಗಂಟುಮುಖ ಎದ್ದು ನಿಂತು ತಪ್ಪು ತನ್ನದೆಂದ.

“ಸುಳ್ಳು. ಕತ್ತರಿಸಿದ್ದು ನಾನು,” ಎಂದಳು. ಬೇರೆ ಬಟ್ಟೆ ತಂದು ತಾನೇ ಹೊಲಿದುಕೊಡಲು ಒಪ್ಪಿಕೊಂಡಳು.

ಗಿರಾಕಿ ಹೋದ ಮೇಲೆ ಅವನತ್ತ ತಿರುಗಿದಳು.

“ಈ ಕರುಣೆ ಅವರನ್ನ ಮಣ್ಣು ಮಾಡುವಾಗ ಎಲ್ಲಿ ಹೋಗಿತ್ತು?”

ಅವನು ಸೂಜಿಗೆ ದಾರ ಪೋಣಿಸುತ್ತ ಕೂತ. ಆಗಲಿಲ್ಲ.

“ಅವನಿಗೆ ಕೊನೇಲಿ ಹಾಕಿದ ಬಿಳಿ ಅಂಗಿ... ನಾನೇ ಹೊಲಿದದ್ದು. ಬಾಗಿಲ ತನಕ ಬಂದು ನಿಮ್ಮತ್ತೆ ಕೈಗೆ ಕೊಟ್ಟೆ. ಅವನ ಮೈಮೇಲೆ ನೋಡೋಕೆ ಆಗಲಿಲ್ಲ.”

ಅವಳು ಕ್ಷಮೆ ಕೇಳಲಿಲ್ಲ. ಅವನ ಕೈಯಿಂದ ಸೂಜಿ ತೆಗೆದುಕೊಂಡು ದಾರ ಪೋಣಿಸಿ ಕೊಟ್ಟಳು.

ಅಂದಿನಿಂದ ಅವನು ಕತ್ತರಿಸುವುದನ್ನು ಕಲಿಸಿದ. ತಪ್ಪಿದರೆ ಬೈದ. ಅವಳು ತಿರುಗಿ ಬೈದಳು. ಜಗಳ ಕೇಳಿಸದ ದಿನ ಪಕ್ಕದ ಗಡಿಯಾರ ರಿಪೇರಿಯವರು ಇಣುಕಿ, ಯಾರಿಗೆ ಹುಷಾರಿಲ್ಲ ಎಂದು ವಿಚಾರಿಸುತ್ತಿದ್ದರು.

ವರ್ಷ ಕಳೆಯಿತು. ಬೀದಿ ಇಬ್ಬರನ್ನೂ ಸೇರಿಸಿ ಆಡಿಕೊಳ್ಳತೊಡಗಿತು. ತಾನೇ ಬೇರೆಡೆ ಹೋಗುತ್ತೇನೆ, ಅಂಗಡಿ ಪೂರ್ತಿ ನಿಮಗಿರಲಿ ಎಂದು ಒಂದು ಸಂಜೆ ಅವನು ತಲೆ ತಗ್ಗಿಸಿ ಹೇಳಿದ.

ಪೂರ್ತಿ ಅಂಗಡಿ! ಅದನ್ನು ಇಟ್ಟುಕೊಂಡು ನಾನು ಯಾರನ್ನು ಬೈಯಲಿ?

ಮರುದಿನ ಅವಳು ಬೀರುವಿನಿಂದ ಗಂಡನ ಮದುವೆಯ ಕೋಟು ತೆಗೆದಳು. ಅದು ಈ ಗೆಳೆಯನಿಂದ ಎರವಲು ತಂದದ್ದು, ಹಿಂದಿರುಗಿಸಲೇ ಇಲ್ಲ ಎಂದು ಅತ್ತೆ ಯಾವತ್ತೋ ಹೇಳಿದ್ದರು. ಅದನ್ನು ಅವನ ಯಂತ್ರದ ಮೇಲಿಟ್ಟಳು.

“ನಿಮ್ಮದು. ತಗೊಳ್ಳಿ.”

“ಇದನ್ನ ಹಾಕ್ಕೊಂಡು ಈಗ ಎಲ್ಲಿಗೆ ಹೋಗ್ಲಿ?”

“ನಮ್ಮನೆಗೆ. ಹೆಣ್ಣು ಕೇಳೋಕೆ.”

ಅವನು ಕೋಟಿನ ಮಡಿಕೆ ಬಿಡಿಸಿದ.

“ನಿಮ್ಮತ್ತೆ ಬೈತಾರೆ.”

“ಬೈಲಿ. ನಾನೂ ಅಲ್ಲೇ ಇರ್ತೀನಲ್ಲ.”