ಪಕ್ಕದ ಮೇಜಿನ ಕೀಲಿಸದ್ದು

ಕಣ್ಣು ಕಾಣದ ಟೆಲಿಫೋನ್ ಆಪರೇಟರ್ ಒಬ್ಬಳು ಹೇಳಿದ್ದನ್ನು ಹಾಗೆಯೇ ಬರೆದಿಡುತ್ತಿದ್ದೇನೆ.

ಅವಳಿಗೆ ಟೈಪಿಂಗ್ ಕಲಿಸಿದ ಟೀಚರಮ್ಮನಿಗೂ ದೃಷ್ಟಿಯಿರಲಿಲ್ಲ; ಎಡಗೈಯ ಕಿರುಬೆರಳೂ ಇರಲಿಲ್ಲ. ಪಕ್ಕದ ಮೇಜಿನಲ್ಲಿ ತಾವೂ ಟೈಪ್ ಮಾಡುತ್ತ ಕಲಿಸುವಾಗ, ಆ ಬೆರಳಿನಿಂದ ಒತ್ತಬೇಕಾದ ಕೀಲಿ ಬಂದೊಡನೆ ಅವರ ಟಕಟಕ ಸದ್ದು ಒಂದು ಕ್ಷಣ ಕುಂಟುತ್ತಿತ್ತು. "ತಡಕಾಡಬೇಡ್ವೇ ಹುಡುಗಿ, ಬೆರಳಿಗೇ ಮನೆ ದಾರಿ ಗೊತ್ತಿರ್ಬೇಕು" ಎಂದು ಗದರುತ್ತಿದ್ದರು.

ಅವರು ತೀರಿಕೊಂಡ ತಿಂಗಳಿಗೆ ಇವಳ ನೌಕರಿಯ ಪರೀಕ್ಷೆ ಬಂತು. ವೇಗವೇ ಕೂಡಿಬರುತ್ತಿರಲಿಲ್ಲ. ಪರೀಕ್ಷೆಯ ಹಿಂದಿನ ದಿನ ಮಧ್ಯಾಹ್ನ ಅದೇ ಟೈಪಿಂಗ್ ತರಗತಿಯಲ್ಲಿ ಒಬ್ಬಳೇ ಅಭ್ಯಾಸಕ್ಕೆ ಕೂತಾಗ ಪಕ್ಕದಲ್ಲಿ ಅದೇ ಕುಂಟುವ ಸದ್ದು ಶುರುವಾಯಿತು. ಅದರ ಜೊತೆಗೇ ಇವಳ ಬೆರಳುಗಳೂ ಓಡಿದವು. ಸದ್ದು ನಿಂತಾಗ ಕೈಚಾಚಿದಳು: ಕುರ್ಚಿ ಬೆಚ್ಚಗಿತ್ತು, ಮೇಜು ಬರಿದಾಗಿತ್ತು.

"ಅಲ್ಲೇನು ಹುಡುಕ್ತೀಯಮ್ಮ?" ಬಾಗಿಲಲ್ಲಿ ಜವಾನ ನಕ್ಕ. "ಆ ಕೀಬೋರ್ಡ್ ರಿಪೇರಿಗೆ ಹೋಗಿ ವಾರ ಆಯ್ತು."

ನೌಕರಿ ಸಿಕ್ಕಿತು. ಅವಳಿಗೆ ಹತ್ತೂ ಬೆರಳುಗಳಿವೆ. ಆದರೂ ಆ ಕೀಲಿ ಬಂದಾಗ ಅವಳ ಸದ್ದು ಕುಂಟುವುದನ್ನು ನಾನೇ ಕೇಳಿದ್ದೇನೆ.