ನಡುಗದ ಕೈ

ಸೋಮವಾರ ಬೆಳಿಗ್ಗೆ ಸಿಂಧನೂರು ಠಾಣೆಗೆ ಬಂದ ವಳಕಮದಿನ್ನಿಯ ಗ್ಯಾನಪ್ಪ, ಕುರ್ಚಿ ತೋರಿಸಿದರೂ ಕೂಡಲಿಲ್ಲ. ಅಕ್ಕಿ ಗಿರಣಿಯ ಧೂಳಿಗೆ ಉಬ್ಬಸ ಹತ್ತಿಸಿಕೊಂಡಿದ್ದ ಅವನ ಹೆಂಡತಿ ಕರೆಮ್ಮ ಹಿಂದಿನ ದಿನ ಖಾಸಗಿ ಆಸ್ಪತ್ರೆಯಲ್ಲಿ ತೀರಿಹೋಗಿದ್ದಳು. ನರ್ಸ್ ಮಹೇಶ್ವರಿಯದೇ ತಪ್ಪೆಂದು ಆಸ್ಪತ್ರೆಯ ಮ್ಯಾನೇಜರ್ ಶಿವಕಾಂತ ಆಗಲೇ ಊರೆಲ್ಲ ಸಾರಿದ್ದ.

ಪಿಎಸ್‌ಐ ಶಿವಗಂಗಾ ಎಫ್‌ಐಆರ್ ಬರೆಸುತ್ತಾ ಕೇಳಿದಳು: "ನೀವು ಅಲ್ಲೇ ಇದ್ರೇನು?"

"ಕೈ ಹಿಡ್ಕೊಂಡೇ ಕುಂತಿದ್ನಿರೀ. ಮಾರಿಗೆ ಮಾಸ್ಕ್ ಹಾಕಿ ಮೂರು ಸಲ ಮಷೀನಿನ ಔಷಧಿ ಹೊಗಿ ಕೊಟ್ರು. ಹಿಂದಕ ಲಿಂಗಸುಗೂರು ದವಾಖಾನ್ಯಾಗ ಕೊಟ್ಟಾಗ ಆಕಿ ಕೈ ಗಡಗಡ ನಡಗ್ತಿದ್ವು, ಆಮ್ಯಾಲೆ ಉಸುರು ಸಡ್ಲ ಆಗ್ತಿತ್ತು. ಇಲ್ಲಿ ಕೈ ನಡಗಲೇ ಇಲ್ರೀ."

ನೊಂದವನ ಮಾತಿನಲ್ಲಿ ಶಿವ ಒಂದು ಕಾಳು ಸತ್ಯ ಇಟ್ಟಿರುತ್ತಾನೆ ಎಂದು ಶಿವಗಂಗಾಳ ಅವ್ವ ಹೇಳುತ್ತಿದ್ದಳು. ಮಧ್ಯಾಹ್ನವೇ ಶಿವಗಂಗಾ ನರ್ಸ್ ಮಹೇಶ್ವರಿಯನ್ನು ಕರೆಸಿದಳು.

"ಹೊಗಿ ಮಲಗಿಸಿ ಕೊಟ್ಟಿಯೋ, ಕುಂದ್ರಿಸಿಯೋ?"

"ಕುಂದ್ರಿಸಿ ರೀ. ನಾಡಿ ಮೊದಲೂ ನೋಡಿದೆ, ಆಮ್ಯಾಲೂ ನೋಡಿದೆ. ಆ ಔಷಧಿ ಒಳಗ ಹೋದ್ರ ಕೈ ನಡಗ್ತಾವ, ಎದಿ ಡವಡವ ಅಂತದ. ಆಕಿಗೆ ಏನೂ ಆಗ್ಲಿಲ್ಲ."

"ಲೇಬಲ್ ನೋಡಿದಿ?"

"ಲೇಬಲ್ ಎಲ್ಲೈತ್ರೀ? ಮಷೀನಿಗೆ ಹಾಕೋ ಔಷಧಿನ ಮ್ಯಾನೇಜರ್ ತನ್ನ ರೂಮಿನ್ಯಾಗ ಸಿರಿಂಜಿಗೆ ತುಂಬಿ ಕಳಿಸ್ತಿದ್ರು. ಡಾಕ್ಟರಿಗೆ ಹೇಳ್ತೀನಿ ಅಂದ್ರ, 'ನಾಳಿಂದ ಬರಬ್ಯಾಡ' ಅಂದ್ರು."

"ಸುಮ್ಮನಾದಿ."

"ಸುಮ್ನಾದೆ ರೀ." ಅವಳು ತಲೆ ಎತ್ತಲಿಲ್ಲ.

ಸಂಜೆ ಪಂಚರ ಸಮಕ್ಷಮ ಮ್ಯಾನೇಜರನ ಕೋಣೆಯ ಪಂಚನಾಮೆ ನಡೆಯಿತು. ತುಂಬಿಟ್ಟ ಸಿರಿಂಜುಗಳು, ಪಕ್ಕದಲ್ಲಿ ಸಲೈನ್ ಬಾಟಲಿ. ಉಬ್ಬಸದ ಔಷಧ ಒಂದೂ ಇರಲಿಲ್ಲ. ಅರಗು ಹಾಕುತ್ತಿದ್ದ ಹೆಡ್ ಕಾನ್‌ಸ್ಟೇಬಲ್ ಬಾಬುಸಾಬ್ ಗೊಣಗಿದ: "ನೀರು ಬೆರಸೋ ಹಾಲಿನವ್ನರ ಒಂದಿಷ್ಟು ಹಾಲು ಹಾಕ್ತಾನ್ರೀ ಮೇಡಂ. ಇವ ಅದನ್ನೂ ಹಾಕಿಲ್ಲ."

ಮುಂದಿನ ವಾರ ಪ್ರಯೋಗಾಲಯದ ವರದಿ ಬಂತು: ಸಿರಿಂಜುಗಳಲ್ಲಿ ಬರೀ ಉಪ್ಪುನೀರು. ಆಸ್ಪತ್ರೆ ತರಿಸಿದ್ದ ಔಷಧವೆಲ್ಲ ಮಸ್ಕಿಯಲ್ಲಿ, ಶಿವಕಾಂತನ ಸ್ವಂತ ಮೆಡಿಕಲ್ ಅಂಗಡಿಯ ಕಪಾಟಿನಲ್ಲಿ ಸಿಕ್ಕಿತು. ಅಲ್ಲೇ ಅವನನ್ನು ಬಂಧಿಸಿದರು.

"ವಿಷ ಏನೂ ಹಾಕಿಲ್ಲಲ್ರೀ ಮೇಡಂ," ಎಂದ.

"ಉಸುರು ಕೇಳಿದಾಕಿಗೆ ಹೊಗಿ ತೋರಿಸಿ ಕುಂದ್ರಿಸಿದಿ. ಇನ್ನೆಂಥ ವಿಷ ಬೇಕಿತ್ತು?" ಶಿವಗಂಗಾಳ ದನಿ ಏರಲಿಲ್ಲ, ಲಾಠಿಯ ಮೇಲಿನ ಹಿಡಿತ ಮಾತ್ರ ಬಿಗಿಯಾಯಿತು.

ಠಾಣೆಯಲ್ಲಿ ಅವನ ಹೇಳಿಕೆ ದಾಖಲಾಯಿತು. ಒಮ್ಮೆ ಔಷಧ ತೀರಿದಾಗ ಮಷೀನಿಗೆ ಬರೀ ಉಪ್ಪುನೀರು ಹಾಕಿ ಹೊಗೆ ಕೊಡಿಸಿದ್ದನಂತೆ. ಮುದುಕಿಯೊಬ್ಬಳು ಮಾಸ್ಕ್ ತೆಗೆದು, "ಆರಾಮ ಅನಸ್ತಪ್ಪ, ನಿನ್ನ ಮಕ್ಕಳು ತಣ್ಣಗಿರಲಿ" ಎಂದು ಕೈಮುಗಿದಿದ್ದಳು. ಈ ಜನಕ್ಕೆ ಹೊಗೆ ಕಂಡರೆ ಸಾಕೆಂದು ಅವನಿಗೆ ಅಂದೇ ಹೊಳೆದಿತ್ತು.

"ಆ ಮುದುಕಿ ಯಾವೂರಾಕಿ? ಈಗ ಅದಾಳೋ ಇಲ್ಲೋ?" ಶಿವಗಂಗಾ ಕೇಳಿದಳು.

ಅವನಿಗೆ ನೆನಪಿರಲಿಲ್ಲ.